ಅಥೆನ್ಸಿನ ದಾಳಿಂಬೆ, ಧಾರವಾಡದ ಸಕ್ಕರೆ

ಆಗ ನನಗೆ ಐವತ್ತೆರಡು ವರ್ಷ. ಅದಾಗಿ ಈಗ ಎಂಟು ವರ್ಷವಾಯಿತು. ಗ್ರೀಸ್ ದೇಶಕ್ಕೆ ಹೋಗಿಬಂದ ಹೆಂಗಸು ನಮ್ಮ ಓಣಿಯಲ್ಲಿ ನಾನೊಬ್ಬಳೇ. ಸಿಕ್ಕವರೆಲ್ಲ ‘ಹೆಂಗಿತ್ರೀ ಅಲ್ಲಿ?’ ಎಂದು ಕೇಳುತ್ತಾರೆ. ಅರ್ಧ ಕೇಳಿ ಎದ್ದು ಹೋದವರು ಉಳಿದರ್ಧವನ್ನು ತಾವೇ ಕಟ್ಟಿ ಊರಿಗೆ ಹೇಳುತ್ತಾರೆ. ಅದಕ್ಕೇ ಬರೆದಿಡುತ್ತಿದ್ದೇನೆ. ನಾನು ಕಲಿತದ್ದು ಕನ್ನಡ ಸಾಲಿ ಮೂರನೆಯ ಇಯತ್ತೆ. ಒತ್ತಕ್ಷರ ತಪ್ಪಿದಲ್ಲಿ ನನ್ನ ಮಗಳು ಶಾಂತಾ ತಿದ್ದಿದ್ದಾಳೆ. ಅವಳು ಗರಗದ ಸಾಲಿಯಲ್ಲಿ ಕಲಿಸುತ್ತಾಳೆ. ತಿದ್ದುವಾಗ ‘ಇಷ್ಟ ಸಿಟ್ಟು ಬ್ಯಾಡ ಬಿಡವ್ವಾ’ ಎಂದು ಎರಡು ಕಡೆ ಹೊಡೆದುಹಾಕಿದ್ದಳು. ನಾನು ತಿರುಗಿ ಬರೆದಿದ್ದೇನೆ.

ಧಾರವಾಡ ಸ್ಟೇಶನ್ನು

ನಾನು ಹೋದದ್ದು ನನ್ನ ತಮ್ಮ ಬಸವಂತನ ಸಲುವಾಗಿ. ನನಗಿಂತ ಹನ್ನೆರಡು ವರ್ಷ ಸಣ್ಣವನು. ನಮ್ಮ ತವರೂರು ಸುಳ್ಳದಲ್ಲಿ ಅವನನ್ನು ಬಗಲಲ್ಲಿ ಹೊತ್ತು ಬೆಳೆಸಿದವಳು ನಾನು. ಮುಂಬಯಿಯ ಒಂದು ಹಡಗು ಕಂಪನಿಯಲ್ಲಿ ಕಾರಕೂನನಾಗಿ ಸೇರಿದ್ದ. ಅವರು ಅವನನ್ನು ಅಥೆನ್ಸಿನ ಬಂದರಿನ ಕಚೇರಿಗೆ ಕಳಿಸಿದರು. ಹೆಂಡತಿ ತೀರಿ ಎರಡು ವರ್ಷ, ಮಕ್ಕಳಿಲ್ಲ, ಹೊಟ್ಟೆಯಲ್ಲಿ ಹುಣ್ಣು. ‘ಇಲ್ಲಿಯ ಎಣ್ಣೆಯ ಅಡಿಗೆ ತಿಂದು ಸಾಯುತ್ತೇನೆ. ಅಕ್ಕನನ್ನು ನಾಲ್ಕು ತಿಂಗಳು ಕಳಿಸಿರಿ, ಶಾಂತಾನೂ ಜೊತೆಗೆ ಬರಲಿ’ ಎಂದು ನಮ್ಮ ಯಜಮಾನರಿಗೆ ಬರೆದ.

ನಾನು ಹುಚ್ಚಿಯಲ್ಲ. ಹೆಂಡತಿ ಸತ್ತ ಸೋದರಮಾವ, ಹತ್ತೊಂಬತ್ತರ ಅಕ್ಕನ ಮಗಳು. ನಮ್ಮ ಕಡೆ ಇದರ ಅರ್ಥ ಎಮ್ಮೆ ಕಾಯುವವನಿಗೂ ಗೊತ್ತು. ಅಂದೇ ಯಜಮಾನರನ್ನು ಕೇಳಿದೆ.

‘ಹುಡುಗೀನ್ನ ಅವಗ ಕೊಡೂ ವಿಚಾರ ಐತೇನ್ರಿ?’

‘ಏ ಇಲ್ಲ. ಜೂನದಾಗ ಆಕೀನ್ನ ಟ್ರೇನಿಂಗ್ ಕಾಲೇಜಿಗೆ ಹಾಕೂದು ಅಂತ ನಾನಽ ಹೇಳಿಲ್ಲೇನು?’

‘ಕೊಡೂದಿದ್ರ ಮೊದಲ ನನಗ ಹೇಳಬೇಕು ನೋಡ್ರಿ.’

‘ಹೇಳದಽ ಮಾಡ್ತೀನೇನ? ನೀ ತಾಯಿ ಅದಿ.’

ಈ ಮಾತನ್ನು ನೀವು ನೆನಪಿನಲ್ಲಿಡಿರಿ. ನಾನಂತೂ ಇಟ್ಟಿದ್ದೇನೆ.

ಹೊರಡುವ ದಿನ ಸ್ಟೇಶನ್ನಿಗೆ ನಮ್ಮವರೆಲ್ಲ ಬಂದಿದ್ದರು. ಅವರಲ್ಲಿ ನಾಲ್ವರು ಹಿರಿಯರು ತಲೆಗೆ ತೊಳೆದ ಬಿಳಿ ಪಟಗಾ ಸುತ್ತಿಕೊಂಡು ಯಜಮಾನರ ಪಕ್ಕದಲ್ಲಿ ಸಾಲಾಗಿ ನಿಂತಿದ್ದರು. ಇಬ್ಬರು ಹೆಂಗಸರನ್ನು ಕಳಿಸಲಿಕ್ಕೆ ಇಷ್ಟು ಪಟಗಾ ಯಾಕೆ ಎಂದುಕೊಂಡೆ. ಒಳಗೊಳಗೇ ಹಿಗ್ಗಿದೆ ಕೂಡ. ಸುಳ್ಳದಿಂದ ನಮ್ಮ ವೈನಿ, ಅಂದರೆ ಅಣ್ಣನ ಹೆಂಡತಿ, ಬಂದಿದ್ದಳು. ಶಾಂತಾಳ ಉಡಿಯಲ್ಲಿ ಹಸಿರು ಸೀರೆ, ತೆಂಗಿನಕಾಯಿ ಹಾಕಿ ಬಾಯಿಗೆ ಸಕ್ಕರೆ ಹಾಕಿದಳು. ಸಮುದ್ರ ದಾಟುವವರ ಬಾಯಿ ಸಿಹಿ ಮಾಡದೆ ಕಳಿಸುತ್ತಾರೆಯೇ? ಹುಬ್ಬಳ್ಳಿಯ ಕೋರ್ಟಿಗೆ ಹೊರಟವನ ಬಾಯಿಗೂ ನಮ್ಮಲ್ಲಿ ಏನಾದರೂ ಹಾಕುತ್ತಾರೆ. ನನ್ನ ಅಂಗೈಗೂ ಒಂದು ಚಿಟಿಕೆ ಬಿತ್ತು. ನೆಕ್ಕಿಕೊಂಡು ಗಾಡಿ ಹತ್ತಿದೆ.

ಬಂದರಿನ ಮನೆ

ಹಡಗಿನ ಬಗ್ಗೆ ಬರೆಯುವುದಿಲ್ಲ. ನಾನು ವಾಂತಿ ಮಾಡಿಕೊಂಡದ್ದನ್ನು ಓದಿ ಯಾರಿಗೇನು ಉಪಯೋಗ? ಇಳಿದ ಮೇಲಿನದು ಕೇಳಿರಿ.

ನಾನು ಒಂದು ಚೀಲ ಜೋಳ, ಒಂದು ಸಣ್ಣ ಬೀಸುವ ಕಲ್ಲು ಒಯ್ದಿದ್ದೆ. ಬಂದರಿನ ಕಟ್ಟೆಯಲ್ಲಿ ಸಾಮಾನು ನೋಡುವ ಅಧಿಕಾರಿ ಕಲ್ಲನ್ನು ಬಡಿದು ನೋಡಿದ, ಮೂಸಿ ನೋಡಿದ, ಇನ್ನಿಬ್ಬರನ್ನು ಕರೆದ. ಮೂವರೂ ಅದರ ಸುತ್ತ ಕುಕ್ಕರಗಾಲಿನಲ್ಲಿ ಕೂತು ಚರ್ಚೆ ಮಾಡಿದರು. ಬಸವಂತ ಅವರ ಭಾಷೆಯಲ್ಲಿ ಏನೋ ಹೇಳಿದ. ಮೂವರೂ ಎದ್ದು ಟೋಪಿ ತೆಗೆದು ಕಲ್ಲಿಗೆ ತಲೆಬಾಗಿ ದಾರಿ ಬಿಟ್ಟರು.

‘ಏನ್ ಹೇಳಿದೆಪಾ?’ ಎಂದೆ.

‘ಅಕ್ಕನ ದೇವರು ಅಂತ ಹೇಳಿದೆ. ಬೀಸೂ ಕಲ್ಲು ಅಂದ್ರ ಮಾನ ಹೋಗ್ತಿತ್ತು.’

ಬೀಸುವ ಕಲ್ಲಿನ ಹಿಟ್ಟು ತಿಂದು ಬೆಳೆದವನಿಗೆ ಬೀಸುವ ಕಲ್ಲೆಂದರೆ ಮಾನ ಹೋಗುತ್ತದೆ. ಒಂದು ಭಾಷೆಯಿಂದ ಇನ್ನೊಂದಕ್ಕೆ ದಾಟಿಸುವಾಗ ನನ್ನ ತಮ್ಮ ತನಗೆ ಬೇಕಾದಂತೆ ಮಾಡಿಕೊಳ್ಳುತ್ತಾನೆ ಎಂದು ಅಲ್ಲೇ ತಿಳಿಯಬೇಕಾಗಿತ್ತು. ನಾನು ಹಸಿದಿದ್ದೆ, ತಿಳಿಯಲಿಲ್ಲ.

ಮನೆ ಮಾಳಿಗೆಯ ಮೇಲೆ. ಕೆಳಗೆ ಮನೆಯ ಒಡತಿ, ನನ್ನ ವಯಸ್ಸಿನ ವಿಧವೆ. ಅಲ್ಲಿ ಗಂಡ ಸತ್ತವರು ಸಾಯುವತನಕ ಕರಿ ಬಟ್ಟೆ ಉಡುತ್ತಾರೆ; ಬಂದರಿನ ಓಣಿಯಲ್ಲಿ ಬೆಳಿಗ್ಗೆ ನಿಂತರೆ ಕಾಗೆಗಳ ಸಭೆ ಕೂಡಿದ ಹಾಗೆ. ನಾನು ನಸುಕಿನಲ್ಲಿ ಬೀಸಿ ರೊಟ್ಟಿ ಬಡಿಯಲು ಕೂತರೆ ಇವಳು ಕೆಳಗಿನಿಂದ ಕಸಬರಿಗೆಯ ಕೋಲಿನಿಂದ ಮಾಳಿಗೆಗೆ ಗುದ್ದುವಳು. ನಾನು ಇನ್ನಷ್ಟು ಜೋರಾಗಿ ಬಡಿದೆ. ಕೆಲವು ದಿನ ಬಿಟ್ಟು ಸಿಟ್ಟಿನಿಂದ ಮೇಲೆ ಬಂದಳು. ಬಾಯಿ ತೆಗೆಯುವ ಮೊದಲೇ ಬಿಸಿ ರೊಟ್ಟಿಯ ಮೇಲೆ ಉಳ್ಳಾಗಡ್ಡಿ ಇಟ್ಟು ಕೈಗೆ ಕೊಟ್ಟೆ. ನಿಂತಲ್ಲೇ ತಿಂದಳು, ಬೆರಳು ನೆಕ್ಕಿದಳು, ಹೋದಳು. ಮರುದಿನ ಮತ್ತೆ ಗುದ್ದಿದಳು. ತಿಂದ ಋಣ ಯಾವ ದೇಶದಲ್ಲೂ ಅಷ್ಟೇ.

ಕಾಫಿ ಅಂಗಡಿ

ಯುಗಾದಿ ಕಳೆದ ಮೇಲೆ ಒಂದು ರವಿವಾರ ಬಸವಂತ ಹೊಸ ಅಂಗಿ ತೊಟ್ಟು ನಿಂತ.

‘ಅಕ್ಕಾ, ಇವತ್ತ ಒಲಿ ಹಚ್ಚಬ್ಯಾಡ. ಅಥೆನ್ಸಿನ್ಯಾಗ ಒಬ್ಬಾಕಿ ಬಾಯಿ ತಮ್ಮ ಪುರಾಣ ಹೇಳ್ಕೋತ ಊರು ತೋರಸ್ತಾಳ. ನಡಕೋತ ಕೇಳೂದು. ನಮ್ಮ ಪುರಾಣದ ಹಂಗಽ ಇರ್ತಾವ, ನಿನಗ ಛಲೋ ಅನಸ್ತದ.’

‘ಪುರಾಣ ಕೂತ ಕೇಳೂದಪಾ. ನಡಕೋತ ಕೇಳಿದ್ರ ಪುಣ್ಯ ಎಲ್ಲಿ ಉಳೀತದ?’ ಎಂದೆ. ಆದರೂ ಹೋದೆ. ಶಾಂತಾಳ ಮುಖ ಒಂದು ವಾರದಿಂದ ಬಾಡಿತ್ತು. ಹೊರಗೆ ಹೋದರೆ ಸರಿಹೋದೀತು ಎಂದುಕೊಂಡೆ.

ಪುರಾಣ ಹೇಳುವವಳು ಸಾಲಿ ಬಿಟ್ಟ ಮಾಸ್ತರಿಣಿ. ಬಿಳಿ ಕೂದಲು, ಗಂಡಸರ ಬೂಟು, ಕೈಯಲ್ಲಿ ಬಿಚ್ಚದ ಕೊಡೆ. ಅದನ್ನು ಎತ್ತಿದರೆ ಎಲ್ಲರೂ ಬರಬೇಕು, ಕೆಳಗಿಟ್ಟರೆ ಎಲ್ಲರೂ ಬಾಯಿ ಮುಚ್ಚಬೇಕು. ಕೇಳುವವರು ನಾವು ಮೂವರು, ಇಬ್ಬರು ಇಂಗ್ಲಿಷ್ ಅಕ್ಕತಂಗಿಯರು, ಕ್ಯಾಮರಾ ಜೋತುಬಿಟ್ಟುಕೊಂಡ ಒಬ್ಬ ಅಮೆರಿಕದವನು, ಅವನ ಹೆಂಡತಿ. ಮಾಸ್ತರಿಣಿ ಇಂಗ್ಲಿಷಿನಲ್ಲಿ ಹೇಳುವುದು, ಬಸವಂತ ನನಗೆ ಕನ್ನಡದಲ್ಲಿ ಹೇಳುವುದು. ಶಾಂತಾ ಮ್ಯಾಟ್ರಿಕ್ ಪಾಸಾದವಳು, ಅವಳಿಗೆ ತಿಳಿಯುತ್ತಿತ್ತು.

ಮೊದಲು ಮಾಸ್ತರಿಣಿ ಊರ ನಡುವಿನ ಗುಡ್ಡದ ಬುಡದ ಓಣಿಯಲ್ಲಿ ಒಂದು ಕಾಫಿ ಅಂಗಡಿಯ ಮುಂದೆ ನಿಲ್ಲಿಸಿದಳು. ಗಂಡಸರು ಸಾಲಾಗಿ ಕೂತು ಕೈಯಲ್ಲಿ ಮಣಿಸರ ತಿರುಗಿಸುತ್ತಿದ್ದರು. ಇಷ್ಟು ಮಂದಿ ಜಪ ಮಾಡುವ ಊರು ಪುಣ್ಯದ ಊರೇ ಇರಬೇಕು ಎಂದು ನಾನು ಕೈ ಮುಗಿದೆ. ಅವರು ನಕ್ಕರು.

‘ಜಪ ಅಲ್ಲಕ್ಕಾ. ಹೊತ್ತ ಕಳೀಲಿಕ್ಕೆ ಸುಮ್ಮ ತಿರಗಸ್ತಾರ’ ಎಂದ ಬಸವಂತ.

ನಮ್ಮವರು ಹೊತ್ತು ಕಳೆಯಲು ಎಲೆ ಅಡಿಕೆ ಹಾಕುತ್ತಾರೆ, ಗೋಡೆಯಾದರೂ ಕೆಂಪಾಗುತ್ತದೆ. ಇವರದು ಅದೂ ಇಲ್ಲ. ಕಾಫಿಯ ಬಟ್ಟಲಿನ ತಳದಲ್ಲಿ ಕೆಸರು. ನಾನು ಕೆಸರನ್ನೂ ಕುಡಿದೆ, ಬಾಯೆಲ್ಲ ಮರಳಾಯಿತು. ಒಂದೇ ಒಂದು ವಿಷಯ ನನ್ನ ಮನಸ್ಸಿಗೆ ಬಂತು. ಅಲ್ಲಿಯವರು ಇಲ್ಲ ಎನ್ನಬೇಕಾದರೆ ತಲೆ ಮೇಲಕ್ಕೆತ್ತಿ ‘ಚ್’ ಎನ್ನುತ್ತಾರೆ, ಥೇಟ್ ನಮ್ಮಂತೆ. ಇಂಗ್ಲಿಷ್ ಅಕ್ಕತಂಗಿಯರು ಅಂಗಡಿಯವನ ‘ಚ್’ ತಿಳಿಯದೆ ಅವನನ್ನು ಮತ್ತೆ ಮತ್ತೆ ಹಾಲು ಕೇಳುತ್ತಿದ್ದರು. ಹಾಲಿಲ್ಲ ಎಂದು ನಾನೇ ಕೈಸನ್ನೆಯಿಂದ ತಿಳಿಸಿದೆ.

ಗುಡ್ಡದ ಮೇಲೆ

ಗುಡ್ಡದ ಮೆಟ್ಟಿಲು ಹಾಲುಗಲ್ಲಿನವು. ಸಾವಿರಾರು ವರ್ಷ ಮಂದಿ ತುಳಿದು ತುಳಿದು ಎಣ್ಣೆ ಹಚ್ಚಿದಂತೆ ಜಾರುತ್ತವೆ. ಊರಿಗೆ ಹೆಸರು ತರುವ ಗುಡಿಗೆ ಹತ್ತುವ ದಾರಿಯಲ್ಲಿ ಒಂದು ಹಿಡಿ ಉಸುಕು ಚೆಲ್ಲಲು ಯಾರಿಗೂ ತಿಳಿದಿಲ್ಲ. ಜಾರಿದೆ. ಬೀಳಲಿಲ್ಲ, ಒಂದು ಚಪ್ಪಲಿಯ ಉಂಗುಟ ಕಿತ್ತುಹೋಯಿತು. ಎರಡನ್ನೂ ಕೈಯಲ್ಲಿ ಹಿಡಿದುಕೊಂಡೆ.

‘ಅಕ್ಕಾ, ಮಂದಿ ನೋಡಾಕತ್ತಾರ. ಕಾಲಾಗ ಹಾಕ್ಕೋ.’

‘ಹರದದ್ದನ್ನ ಹೆಂಗ ಹಾಕ್ಕೊಳ್ಳೋ? ಮಂದಿಗೆ ನೋಡೂದೈತಿ ಅಂದ್ರ ಇಷ್ಟ ದೊಡ್ಡ ಗುಡಿ ಐತಲ್ಲ, ಅದನ್ನ ನೋಡ್ಲಿ.’

ಗುಡಿ ದೊಡ್ಡದು, ಸುಳ್ಳು ಹೇಳುವುದಿಲ್ಲ. ಆದರೆ ಮಾಳಿಗೆ ಇಲ್ಲ, ದೇವರಿಲ್ಲ, ದೀಪವಿಲ್ಲ. ಪೂಜೆಯಿಲ್ಲದ ಗುಡಿಯನ್ನು ನೋಡಲು ಜಗತ್ತೆಲ್ಲ ಬರುತ್ತದೆ. ಪಕ್ಕದಲ್ಲಿ ಒಂದು ಗಿಡ. ಅದರ ಕಾಯಿಯಿಂದಲೇ ಬಸವಂತನ ಹೊಟ್ಟೆ ಕೆಡಿಸಿದ ಎಣ್ಣೆ ತೆಗೆಯುತ್ತಾರೆ. ಮಾಸ್ತರಿಣಿ ಗಿಡದ ಹತ್ತಿರ ಕೊಡೆ ಕೆಳಗಿಟ್ಟಳು. ಕಥೆ ಹೀಗೆ:

ಈ ಊರು ಯಾರದಾಗಬೇಕು ಎಂದು ಸಮುದ್ರದ ದೇವರಿಗೂ ಒಬ್ಬ ದೇವಿಗೂ ಜಗಳ. ಅವನು ಬಂಡೆಗೆ ಹೊಡೆದು ಉಪ್ಪುನೀರು ಬರಿಸಿದ. ಅವಳು ಈ ಗಿಡ ಹುಟ್ಟಿಸಿದಳು. ಊರವರೆಲ್ಲ ಓಟು ಹಾಕಿದರು. ಆ ಕಾಲದಲ್ಲಿ ಹೆಂಗಸರಿಗೂ ಓಟಿತ್ತಂತೆ. ಗಂಡಸರೆಲ್ಲ ದೇವರಿಗೆ, ಹೆಂಗಸರೆಲ್ಲ ದೇವಿಗೆ ಹಾಕಿದರು. ಹೆಂಗಸರಲ್ಲಿ ಒಬ್ಬಳು ಹೆಚ್ಚಿದ್ದಳು, ದೇವಿ ಗೆದ್ದಳು. ಸೋತ ದೇವರು ಸಿಟ್ಟಾಗಿ ಊರಿನ ಮೇಲೆ ನೀರು ಹರಿಸಿದ. ಅವನನ್ನು ತಣ್ಣಗೆ ಮಾಡಲು ಗಂಡಸರು ಕೂಡಿ ನಿಶ್ಚಯಿಸಿದರು: ಇನ್ನು ಮೇಲೆ ಹೆಂಗಸರಿಗೆ ಓಟಿಲ್ಲ, ಮಕ್ಕಳಿಗೆ ತಾಯಿಯ ಹೆಸರಿಲ್ಲ.

‘ಗೆದ್ದಾಕಿ ಏನಂದ್ಲು?’ ಎಂದು ಕೇಳಿದೆ. ಶಾಂತಾ ಇಂಗ್ಲಿಷಿನಲ್ಲಿ ಕೇಳಿದಳು.

ಮಾಸ್ತರಿಣಿ ತಲೆ ಮೇಲೆತ್ತಿ ‘ಚ್’ ಎಂದಳು.

ಏನೂ ಅನ್ನಲಿಲ್ಲವಂತೆ! ಓಟು ಹಾಕಿ ಗೆಲ್ಲಿಸಿದವರ ಬಾಯಿಗೆ ಮಣ್ಣು ಬಿತ್ತು, ಗೆದ್ದವಳಿಗೆ ಇಷ್ಟು ದೊಡ್ಡ ಗುಡಿ. ನಾನೂ ಎರಡು ಸಲ ಓಟು ಹಾಕಿದವಳು. ಗೆದ್ದವರ ಮುಖ ಆಮೇಲೆ ನೋಡಿಲ್ಲ. ಕಾಲು ಬೇರೆ ಸುಡುತ್ತಿತ್ತು. ಆ ದೇವಿಗೆ ನಾನು ಕೈ ಮುಗಿಯಲಿಲ್ಲ.

ತಾಯಿಯ ಗುಡಿ

ಗುಡ್ಡ ಇಳಿದರೆ ಹಳೆಯ ಸಂತೆ ಬಯಲು. ಇಳಿಯುವ ದಾರಿಯ ಪಕ್ಕದಲ್ಲಿ ಒಂದಿಷ್ಟು ಮುರುಕು ಗೋಡೆ, ಕಲ್ಲಿನ ಸಂದಿಯಲ್ಲೆಲ್ಲ ಕೆಂಪು ಹೂ. ಇಲ್ಲಿ ಧಾನ್ಯದ ದೇವಿಯ ಗುಡಿ ಇತ್ತು ಎಂದು ಮಾಸ್ತರಿಣಿ ಹೇಳಿದಾಗ ನನಗೆ ಸ್ವಲ್ಪ ಸಮಾಧಾನವಾಯಿತು. ಉಪ್ಪುನೀರು, ಎಣ್ಣೆ ಕೊಡುವವರಿಗಿಂತ ಕಾಳು ಕೊಡುವವಳು ದೊಡ್ಡವಳು. ನೆಳಲಿನಲ್ಲಿ ಒಂದು ಕಲ್ಲಿನ ಮೇಲೆ ಕೂತೆ. ಚಪ್ಪಲಿ ಮಡಿಲಲ್ಲಿ.

ಬಸವಂತ ಕನ್ನಡದಲ್ಲಿ ಹೇಳಿದ್ದು ಇಷ್ಟು: ದೇವಿಗೆ ಒಬ್ಬಳೇ ಮಗಳು. ಹೂ ಕೀಳುವಾಗ ಒಬ್ಬ ರಾಜ ನೋಡಿ ಮೆಚ್ಚಿ ರಥದಲ್ಲಿ ಕರೆದುಕೊಂಡು ಹೋದ. ಪಾತಾಳದಲ್ಲಿ ಅವರು ಸುಖವಾಗಿದ್ದರು.

ಅಲ್ಲಿ ನಾಲ್ವರು ಪರದೇಶದವರು ಮಾತ್ರ ಮುಖ ಕಿವುಚಿಕೊಂಡಿದ್ದರು. ಇಂಗ್ಲಿಷ್ ಅಕ್ಕ ಕೈಯನ್ನು ಬಾಯಿಗೆ ಇಟ್ಟುಕೊಂಡಿದ್ದಳು. ಸುಖವಾಗಿದ್ದರು ಎಂಬ ಕಥೆಗೆ ಯಾರು ಹಾಗೆ ಮಾಡುತ್ತಾರೆ?

‘ಶಾಂತಾ, ಅವರ್ಯಾಕ ಹಂಗ ಮಾರಿ ಮಾಡ್ಯಾರ?’

ಶಾಂತಾ ಮೆಲ್ಲಗೆ ಹೇಳಿದಳು: ‘ಆ ರಾಜಾ ಹುಡುಗಿ ಸ್ವಾದರಮಾವ ಅಂತವ್ವಾ. ತಾಯಿ ಒಡಹುಟ್ಟಿದಾಂವ.’

‘ಅಷ್ಟಽನಾ?’

ನನಗೆ ಮೊದಲು ಸಿಟ್ಟು ಬಂದದ್ದು ಆ ನಾಲ್ವರ ಮೇಲೆ. ನಮ್ಮ ಅತ್ತೆ ತನ್ನ ಸೋದರಮಾವನನ್ನು ಮದುವೆಯಾದವಳು. ನಮ್ಮ ಓಣಿಯಲ್ಲಿ ಮನೆ ಬಿಟ್ಟು ಮನೆ ಹಾಗೇ ಇವೆ. ಮುಖ ಕಿವುಚಲು ಇದೇನು ಹೇಸಿಗೆಯ ಮಾತೇ?

‘ಅವರಿಗೆ ಹೇಳು,’ ಎಂದೆ, ‘ನಮ್ಮ ಕಡೆ ಅಕ್ಕನ ಮಗಳ ಮ್ಯಾಲ ಮೊದಲನೇ ಹಕ್ಕು ಸ್ವಾದರಮಾವಂದು. ಅಂವ ಬ್ಯಾಡ ಅಂದ ಮ್ಯಾಲಽ ಹೊರಗ ಕೊಡೂದು.’

ಶಾಂತಾ ಕಲ್ಲಿನ ಸಂದಿಯ ಒಂದು ಹೂ ಕಿತ್ತಳು. ‘ಹೇಳು ಅಂದ್ರ’ ಎಂದು ಗದರಿಸಿದೆ. ಹೇಳಿದಳು. ನಾಲ್ವರೂ ಬಸವಂತನನ್ನು ನೋಡಿದರು, ಆಮೇಲೆ ಶಾಂತಾಳನ್ನು. ಬಸವಂತ ಕೊರಳಪಟ್ಟಿ ಸಡಿಲ ಮಾಡಿಕೊಂಡ.

‘ಇನ್ನ ಪೂರ್ತಿ ಕಥಿ ನೀ ಹೇಳು’ ಎಂದು ಮಗಳಿಗೆ ಹೇಳಿದೆ. ‘ನಿಮ್ಮ ಮಾಮಾ ಬೀಸೂ ಕಲ್ಲಿಗೆ ದೇವರಂದಾಂವ.’

ಆಗ ನನಗೆ ಖರೇ ಕಥೆ ತಿಳಿಯಿತು. ಆ ಮಾವ ಹುಡುಗಿಯ ತಂದೆಯನ್ನು ಗುಟ್ಟಾಗಿ ಕೇಳಿದ್ದ. ತಂದೆ ಹೂಂ ಎಂದಿದ್ದ. ತಾಯಿಗೆ ಹೇಳಿರಲಿಲ್ಲ. ಹೇಳಿದರೆ ಒಪ್ಪಲಿಕ್ಕಿಲ್ಲ ಎಂದು ಇಬ್ಬರೂ ಕೂಡಿ ಮುಚ್ಚಿಟ್ಟರು. ಭೂಮಿ ಬಾಯಿ ಬಿಟ್ಟಿತು, ರಥ ಬಂತು, ಹುಡುಗಿ ಕೂಗಿದಳು. ತಾಯಿ ದೀವಟಿಗೆ ಹಿಡಿದು ಹುಡುಕಿದಳು, ಕಡೆಗೆ ಎಲ್ಲ ನೋಡುವ ಸೂರ್ಯನನ್ನು ಕೇಳಿದಳು. ಗೊತ್ತಾದ ಮೇಲೆ ಸಿಟ್ಟಿನಿಂದ ಭೂಮಿಯ ಬೆಳೆಯನ್ನೆಲ್ಲ ನಿಲ್ಲಿಸಿದಳು. ಮಂದಿ ಹಸಿದು ಸಾಯತೊಡಗಿದ ಮೇಲೆ ತಂದೆಗೆ ಬುದ್ಧಿ ಬಂತು, ಹುಡುಗಿಯನ್ನು ಕಳಿಸು ಎಂದ. ಆದರೆ ಪಾತಾಳದಲ್ಲಿ ಏನಾದರೂ ತಿಂದವರು ಪಾತಾಳದವರೇ ಎಂಬುದು ಕಟ್ಟಳೆ. ಮಾವ ಆ ಹುಡುಗಿಯ ಬಾಯಿಗೆ ಮೊದಲೇ ನಾಲ್ಕು ದಾಳಿಂಬೆ ಕಾಳು ಹಾಕಿಬಿಟ್ಟಿದ್ದ.

ಇಲ್ಲಿಗೆ ಬಂದ ಮೇಲೆ ಶಾಂತಾ ನನಗೆ ಹೇಳುವುದನ್ನು ಬಿಟ್ಟು ಮಾಸ್ತರಿಣಿಯ ಕಡೆ ತಿರುಗಿ ಇಂಗ್ಲಿಷಿನಲ್ಲಿ ಏನೋ ಕೇಳಿದಳು. ಮಾಸ್ತರಿಣಿ ಕಥೆ ಇರುವುದೇ ಹಾಗೆ ಎಂಬಂತೆ ಭುಜ ಹಾರಿಸಿದಳು.

‘ಏನ್ ಕೇಳಿದಿ ಆಕೀನ್ನ?’

‘ಏನಿಲ್ಲ ಬಿಡವ್ವಾ.’

‘ಏನ್ ಕೇಳಿದಿ?’

‘ಅದು ಏನಂತ ಗೊತ್ತಿಲ್ಲದಽ ತಿಂದಿದ್ರೂ ಕಟ್ಟಿ ಹಾಕ್ತದೇನು ಅಂತ ಕೇಳಿದೆ.’

‘ನಿನಗ್ಯಾಕ ಬೇಕು ಅದು?’

ಅವಳು ಮಾಮಾನ ಕಡೆ ನೋಡಿದಳು. ಅವನು ಗುಡ್ಡ ನೋಡುತ್ತಿದ್ದ.

‘ನಾನೂ ಸಕ್ರಿ ತಿಂದೇನವ್ವಾ. ಸ್ಟೇಶನ್ನಿನ್ಯಾಗ. ಅದು ನಿಶ್ಚೇದ ಸಕ್ರಿ ಅಂತ. ಹೋದ ವಾರ ಮಾಮಾ ಹೇಳಿದ್ರು. ನಿನಗ ತಾವಽ ಹೇಳ್ತೀನಿ, ನೀ ಹೇಳಬ್ಯಾಡ ಅಂದ್ರು.’

ನಾಲ್ಕು ಬಿಳಿ ಪಟಗಾ ನನ್ನ ಕಣ್ಣ ಮುಂದೆ ಬಂದು ಸಾಲಾಗಿ ನಿಂತವು. ವರನ ಕಡೆಯ ಹಿರಿಯ ಹೆಂಗಸು, ಉಡಿಯಲ್ಲಿ ಹಸಿರು ಸೀರೆ, ತೆಂಗಿನಕಾಯಿ, ಬಾಯಿಗೆ ಸಕ್ಕರೆ, ನಾಲ್ಕು ಮಂದಿ ಹಿರಿಯರ ಸಾಕ್ಷಿ. ಹುಡುಗಿಯ ನಿಶ್ಚಯಕ್ಕೆ ಇನ್ನೇನು ಬೇಕು? ನನ್ನ ಕಣ್ಣೆದುರಿಗೇ ನನ್ನ ಮಗಳ ನಿಶ್ಚಯ ಮಾಡಿ, ಅದೇ ಸಕ್ಕರೆಯನ್ನು ನನ್ನ ಅಂಗೈಗೂ ಹಾಕಿದ್ದರು. ನಾನು ನೆಕ್ಕಿದ್ದೆ!

ಅದೇ ಕಲ್ಲುಗಳ ನಡುವೆ

ಎದ್ದೆ. ಚಪ್ಪಲಿ ಕೈಯಲ್ಲಿತ್ತು. ಹೊಡೆಯಲು ಎತ್ತಿಕೊಂಡದ್ದಲ್ಲ, ಮೊದಲೇ ಹಿಡಿದದ್ದು. ಬಸವಂತನಿಗೆ ಅದು ತಿಳಿಯಲಿಲ್ಲ, ಎರಡು ಹೆಜ್ಜೆ ಹಿಂದೆ ಸರಿದ.

‘ಅಕ್ಕಾ, ಇಲ್ಲಿ ಬ್ಯಾಡ. ಮನಿಗೆ ಹೋಗಿ ಮಾತಾಡೂಣು.’

‘ನೀವು ನಿಶ್ಚೆ ಮಾಡಿದ್ದು ರೇಲ್ವೆ ಸ್ಟೇಶನ್ನಿನ್ಯಾಗ, ಹಮಾಲರ ನಡುವ. ನಾ ಇಲ್ಲಿ ಮಾತಾಡಿದ್ರ ಏನ್ ತಪ್ಪಾತು? ಇದೂ ಗುಡೀನ ಅಲ್ಲೇನು?’

‘ಭಾವಾರಽ ಅಂದ್ರು. ಅಕ್ಕಗ ಈಗಽ ಹೇಳಿದ್ರ ಟ್ರೇನಿಂಗು ಅಂತ ಹಠ ಹಿಡೀತಾಳ, ನಾಕ ತಿಂಗಳ ಒಂದಽ ಮನ್ಯಾಗ ಇದ್ರ ತಾನಽ ಒಪ್ಪತಾಳ ಅಂತ.’

‘ಅವರು ಅಂದ್ರು. ನಿನ್ನ ಬಾಯಾಗ ಏನಿತ್ತು? ದಾಳಿಂಬಿ ಕಾಳೇನು?’

ಅವನಿಗೂ ಸಿಟ್ಟು ಬಂತು. ‘ನಾ ಏನ್ ಪರಕೀಯನೇನು? ಒಬ್ಬಾಂವಽ ಕೂತು ಉಂಡು ಉಂಡು ಸಾಕಾಗೇತಿ ನನಗ. ಈಗಽ ನೀನಽ ಹೇಳಿದಿ, ಮೊದಲನೇ ಹಕ್ಕು ನಂದು ಅಂತ. ಹೇಳಿದ್ಯೋ ಇಲ್ಲೋ?’

‘ಹೇಳೇನಿ. ಈಗೂ ಹೇಳ್ತೀನಿ. ಕೇಳೂ ಹಕ್ಕು ನಿಂದು ಮೊದಲನೇದು. ನೀ ಕೇಳಿದಿಯೇನು? ಎತ್ತು ಕೊಳ್ಳಾಂವ ಸೈತ ಒಡ್ಯಾನ್ನ ಕೇಳಿ ಹಲ್ಲು ನೋಡ್ತಾನ. ನಿನ್ನ ಬಗಲಾಗ ಹೊತ್ತಾಕಿಗೆ ಸಕ್ರಿ ನೆಕ್ಕಿಸಿ ಹಡಗ ಹತ್ತಿಸಿದಿ! ರೊಟ್ಟಿ ಬಡೀಲಿಕ್ಕೆ ಅಂತ ಕರಿಸಿದಿ, ನಾನಽ ಮಗಳನ್ನ ತಂದು ನಿನ್ನ ಮನಿ ತುಂಬಸ್ಲಿ ಅಂತ!’

ಅಮೆರಿಕದವನು ಟಿಕ್ ಟಿಕ್ ಎಂದು ಫೋಟೋ ತೆಗೆದ. ಅವನ ಹೆಂಡತಿ ಇದೂ ಪುರಾಣದ ಒಂದು ಆಟವೆಂದು ತಿಳಿದು ಚಪ್ಪಾಳೆ ತಟ್ಟಿದಳು. ನಾನು ಮೂರ್ಛೆ ಹೋದೇನೆಂದು ಇಂಗ್ಲಿಷ್ ತಂಗಿ ನನ್ನ ಮೂಗಿಗೆ ಘಾಟಿನ ಒಂದು ಸಣ್ಣ ಸೀಸೆ ಹಿಡಿದಳು. ಕಣ್ಣಲ್ಲಿ ನೀರು ಬಂತು. ಅದು ಸೀಸೆಯ ವಾಸನೆಗೆ ಬಂದ ನೀರು. ಅಳುತ್ತಿದ್ದಾಳೆಂದು ಅವಳು ನನ್ನ ಬೆನ್ನು ಸವರಿದಳು. ಕೈ ಕೊಡವಿದೆ.

ಮಾಸ್ತರಿಣಿ ಶಾಂತಾಳನ್ನು ಪಕ್ಕಕ್ಕೆ ಕರೆದು ಏನಾಯಿತೆಂದು ಕೇಳಿದಳು. ಕೇಳಿದವಳು ಬಂದು ಕೊಡೆಯ ತುದಿಯಿಂದ ನೆಲ ಕುಟ್ಟಿ ಬಸವಂತನಿಗೆ ಅವರ ಭಾಷೆಯಲ್ಲಿ ಎರಡು ಮಾತು ಅಂದಳು. ಅವನ ಕಿವಿ ಕೆಂಪಾದವು. ಏನಂದಳೆಂದು ಇವತ್ತಿಗೂ ನನಗೆ ಹೇಳಿಲ್ಲ. ಮುಂದೆ ಇನ್ನೂ ನಾಲ್ಕು ಗುಡಿ ತೋರಿಸುವುದಿತ್ತಂತೆ. ನಾನು ನೋಡಲಿಲ್ಲ.

ವಿದ್ಯುತ್ ರೈಲು

ಬಂದರಿಗೆ ವಾಪಸು ಬರುವ ರೈಲಿನಲ್ಲಿ ಬಸವಂತ ದೂರ ನಿಂತ. ನಾನೂ ಶಾಂತಾನೂ ಒಂದು ಬೆಂಚಿನ ಮೇಲೆ ಕೂತೆವು. ನನ್ನ ತಲೆಯಲ್ಲಿ ಇನ್ನೂ ಆ ಕಥೆ. ತಂದೆಯನ್ನು ಕೇಳಿದರು. ಸೂರ್ಯನನ್ನು ಕೇಳಿದರು. ಕಡೆಗೆ ತಾಯಿಯನ್ನೂ ಬೇಡಿಕೊಂಡರು. ಆ ಹುಡುಗಿಯನ್ನು ಮಾತ್ರ, ನಿನಗೇನು ಬೇಕವ್ವಾ ಎಂದು ಯಾವ ದೇವರೂ ಕೇಳಲಿಲ್ಲ. ತಾಯಿಯೂ ಕೇಳಲಿಲ್ಲ.

‘ಮಾಮಾ ಬೇಕೇನು ನಿನಗ?’ ಎಂದೆ. ‘ಬೇಕಂದ್ರ ಈಗಽ ಹೇಳು. ಬೈದದ್ದು ಬೈದೆ, ನಾನಽ ಮುಂದ ನಿಂತು ಅಕ್ಕಿಕಾಳ ಹಾಕ್ತೀನಿ.’

ಅವಳು ಕಿಟಕಿಯಿಂದ ನನ್ನ ಕಡೆ ತಿರುಗಿದಳು.

‘ಮಾಮಾ ಛಲೋ ಮನಷ್ಯಾ ಅವ್ವಾ. ಆದ್ರ ನನಗ ಸಾಲಿ ಕಲಿಸೂದೈತಿ. ಜೂನದಾಗ ಟ್ರೇನಿಂಗ್ ಸುರು ಆಗ್ತದ.’

‘ಆತು’ ಎಂದೆ. ಇಷ್ಟು ಕೇಳಲು ಎಷ್ಟು ಹೊತ್ತು ಬೇಕಾಯಿತು? ಒಂದು ಸ್ಟೇಶನ್ನಿನಿಂದ ಇನ್ನೊಂದು ಸ್ಟೇಶನ್ನು.

ಸಂಜೆ ಮನೆಯಲ್ಲಿ ಬಸವಂತನಿಗೆ ಹೇಳಿದೆ, ಮುಂದಿನ ಹಡಗಿನಲ್ಲಿ ನಮ್ಮಿಬ್ಬರಿಗೆ ಜಾಗ ಮಾಡಿಸು ಎಂದು. ಅವನು ಗೋಡೆಯ ಕಡೆ ಮುಖ ಮಾಡಿ ಮಲಗಿದ್ದ.

‘ಸಕ್ರಿ ತಿಂದು ಆಗೇತಿ ಅಕ್ಕಾ. ನಾಕ ಮಂದಿ ಹಿರೇರ ಮಾತ ಮುರದ್ರ ನಾ ಊರಾಗ ಹೆಂಗ ತಲಿ ಎತ್ತಲಿ? ಹಡಗಿನ್ಯಾಗ ಜಾಗ ಕೊಡಸಾಂವ ನಾನು. ನಾ ಕೊಡಸ್ಲಿಲ್ಲಂದ್ರ ಹೆಂಗ ಹೋಗ್ತೀರಿ?’

ಅದು ಖರೇ. ಕಾಗದ ಪತ್ರವೆಲ್ಲ ಅವನ ಕೈಯಲ್ಲಿ, ಭಾಷೆ ಅವನ ಬಾಯಲ್ಲಿ. ಎದ್ದು ಚೀಲದಲ್ಲಿ ಜೋಳ ಎಷ್ಟು ಉಳಿದಿದೆ ಎಂದು ನೋಡಿದೆ. ಊರಿಗೆ ಬಂದ ಮೇಲೆ ಯಜಮಾನರಿಗೆ ಏನಂದೆ ಎಂಬುದನ್ನು ಇಲ್ಲಿ ಬರೆಯುವುದಿಲ್ಲ. ಅವರಿನ್ನೂ ಇದ್ದಾರೆ, ಇದನ್ನು ಓದುತ್ತಾರೆ, ಅವರಿಗೆ ನೆನಪಿದೆ.

ಮರುದಿನ

ಆ ದೇವಿ ಸಿಟ್ಟು ಬಂದಾಗ ಜಗತ್ತಿನ ಕಾಳು ನಿಲ್ಲಿಸಿದಳು. ಅದು ನನಗೆ ಸರಿ ಕಾಣಲಿಲ್ಲ. ಹಸಿದು ಸತ್ತವರು ಯಾರೋ, ತಪ್ಪು ಮಾಡಿದವನು ಯಾರೋ. ತಾನೂ ಉಪವಾಸ ಬಿದ್ದಳಂತೆ. ಉಪವಾಸ ಬಿದ್ದವಳು ಎಷ್ಟು ದಿನ ಜಗಳಾಡುತ್ತಾಳೆ?

ಮರುದಿನ ನಸುಕಿನಲ್ಲಿ ಎದ್ದು ಚೀಲದಲ್ಲಿ ಉಳಿದ ಜೋಳವನ್ನೆಲ್ಲ ಬೀಸಿದೆ. ಶಾಂತಾ ಎದುರು ಕೂತು ಕಲ್ಲಿನ ಗೂಟ ಹಿಡಿದಳು. ಕೆಳಗಿನವಳು ಗುದ್ದಿದಳು. ಬೀಸಿದೆ. ಹಿಟ್ಟನ್ನೆಲ್ಲ ರೊಟ್ಟಿ ಬಡಿದು, ಒಲೆಯ ಸುತ್ತ ನಿಲ್ಲಿಸಿ, ಹಪ್ಪಳದಂತೆ ಒಣಗಿಸಿ ಖಡಕ್ ರೊಟ್ಟಿ ಮಾಡಿದೆ. ಹೀಗೆ ಮಾಡಿದ ರೊಟ್ಟಿ ತಿಂಗಳಾದರೂ ಕೆಡುವುದಿಲ್ಲ. ನಮ್ಮವರು ದೂರದ ದಾರಿ ಹೊರಟರೆ ಕಟ್ಟುವ ಬುತ್ತಿ ಇದೇ. ಕೆಳಗಿನವಳು ಗುದ್ದಿ ಗುದ್ದಿ ಸೋತು ಮೇಲೆ ಬಂದಳು. ಗಂಟು ನೋಡಿದಳು, ಟ್ರಂಕು ನೋಡಿದಳು, ಬಾಗಿಲಲ್ಲಿ ಜೋಲುಮುಖ ಹಾಕಿ ನಿಂತ ಬಸವಂತನನ್ನು ನೋಡಿದಳು. ಏನು ತಿಳಿಯಿತೋ, ಟ್ರಂಕಿನ ಒಂದು ಬದಿ ತಾನೇ ಎತ್ತಿದಳು. ಹಿಂದೆ ಅವಳ ಬಗ್ಗೆ ಬರೆದ ಒಂದು ಮಾತನ್ನು ಹೊಡೆದುಹಾಕಬೇಕಿತ್ತು, ಇರಲಿ.

‘ಇಷ್ಟ್ಯಾಕ ರೊಟ್ಟಿ ಬಡದೀಯಕ್ಕಾ?’

‘ಬುತ್ತಿ. ಇಬ್ಬರಿಗೆ.’

ವೈನಿ ಕೊಟ್ಟ ಹಸಿರು ಸೀರೆಯನ್ನು ಮಡಿಕೆ ಮುರಿಯದೆ ಅವನ ಹಾಸಿಗೆಯ ಮೇಲೆ ಇಟ್ಟೆ. ಡಬ್ಬಿಯಿಂದ ಒಂದು ಚಿಟಿಕೆ ಸಕ್ಕರೆ ತೆಗೆದು, ಅವನ ಕೈ ಹಿಡಿದು ಅಂಗೈಗೆ ಹಾಕಿದೆ.

‘ತಗೋ. ನಿಮ್ಮ ಸಕ್ರಿ ನಿಮಗ ಬಂತು. ನಾ ಕದ್ದು ಹಾಕಿಲ್ಲ, ಹೇಳಿ ಹಾಕೇನಿ.’

ಅವನು ಅದನ್ನು ಬಾಯಿಗೂ ಹಾಕಿಕೊಳ್ಳಲಿಲ್ಲ, ಚೆಲ್ಲಲೂ ಇಲ್ಲ. ಮುಷ್ಟಿ ಮುಚ್ಚಿ ನಿಂತ.

ಕಂಪನಿಯ ಕಚೇರಿ ಬಂದರಿನ ಬೀದಿಯಲ್ಲಿ, ನಮ್ಮ ಮನೆಗೆ ಹತ್ತಿರವೇ. ನಾನು ಬರಿಗಾಲಿನಲ್ಲಿ ಗಂಟು ತಲೆಯ ಮೇಲಿಟ್ಟುಕೊಂಡೆ. ಶಾಂತಾನೂ ಮನೆಯ ಒಡತಿಯೂ ಟ್ರಂಕು ಹಿಡಿದರು. ಬಸವಂತ ‘ಅಕ್ಕಾ, ಅಲ್ಲಿ ಬ್ಯಾಡ, ಸಾಹೇಬ ಬರೂ ಹೊತ್ತು, ಮಾನ ಹೋಗ್ತದ’ ಎನ್ನುತ್ತ ಹಿಂದೆ ಬಂದ. ಹೋಗಲಿ ಎಂದೇ ಹೊರಟದ್ದು. ಸಾಹೇಬನೆದುರು ಮಾನ ಉಳಿಸಿಕೊಳ್ಳಲಿಕ್ಕಾದರೂ ಅವನು ಹಡಗಿನಲ್ಲಿ ಜಾಗ ಕೊಡಿಸಬೇಕು. ಕಚೇರಿಯ ಬಾಗಿಲು ಇನ್ನೂ ಮುಚ್ಚಿತ್ತು. ಅದರ ಮೆಟ್ಟಿಲ ಮೇಲೆ ಟ್ರಂಕು ಇಟ್ಟು, ಮಗಳನ್ನು ಪಕ್ಕದಲ್ಲಿ ಕೂರಿಸಿಕೊಂಡು ಬುತ್ತಿ ಬಿಚ್ಚಿದೆ. ಸಾಹೇಬ ಕೀಲಿ ಕೈ ಹಿಡಿದು ಬಂದಾಗ ನಾವು ಮೊದಲನೆಯ ರೊಟ್ಟಿ ಮುರಿದಿದ್ದೆವು.